ಕಲ್ಲಿನೊಳಗಿನ ಟ್ರೈಲೋಬೈಟ್‌ಗೆ ಹೆಸರಿಡೋದು ಹೇಗೆ?

ಮೊದಲು ಈ ಒಂದು ಸಾಲು ನೋಡಿ: ಒರಿಕ್ಟೊಸೆಫಲಸ್ ಇಂಡಿಕಸ್ (ರೀಡ್, 1910).

ನಾಲಿಗೆ ತಿರುಗದ ಎರಡು ಪದ, ಕಂಸದೊಳಗೆ ಯಾರದೋ ಹೆಸರು, ಪಕ್ಕದಲ್ಲೊಂದು ಇಸವಿ. ಪರೀಕ್ಷೆಯ ಹಿಂದಿನ ರಾತ್ರಿ ಉರು ಹೊಡೆಯುವ ಸಾಲಿನ ಹಾಗೆ ಕಾಣುತ್ತೆ, ಅಲ್ವಾ? ಆದರೆ ಇದು 50 ಕೋಟಿ ವರ್ಷಕ್ಕೂ ಹಿಂದೆ ಸಮುದ್ರದಲ್ಲಿ ಓಡಾಡಿಕೊಂಡಿದ್ದ ಒಂದು ಸಣ್ಣ ಪ್ರಾಣಿಯ ಪೂರ್ತಿ ವಿಳಾಸ. ಅದರ ಮೊದಲ ಕಲ್ಲುಗಳು ಸಿಕ್ಕಿದ್ದು ನಮ್ಮ ಹಿಮಾಲಯದ ಸ್ಪಿತಿಯಲ್ಲಿ. ಭೂಮಿಯ ಇತಿಹಾಸದ ಒಂದು ಅಧ್ಯಾಯ ಎಲ್ಲಿ ಶುರುವಾಗುತ್ತೆ ಅಂತ ಇಡೀ ಜಗತ್ತು ಇವತ್ತು ಗುರುತಿಸೋದು ಇದೇ ಪ್ರಾಣಿಯಿಂದ. ಹೆಸರು ತಪ್ಪಿದರೆ ಗೆರೆಯೂ ತಪ್ಪುತ್ತೆ. ಹಾಗಾಗಿ ಈ ಸಾಲನ್ನು ಓದೋದು ಹೇಗೆ, ಇಂಥ ಹೆಸರುಗಳು ಹುಟ್ಟೋದು, ಸಾಯೋದು, ಬದಲಾಗೋದು ಹೇಗೆ ಅನ್ನೋದೇ ಈ ಲೇಖನದ ವಿಷಯ.

ಪ್ರಾಣಿ ಯಾವುದು?

ಟ್ರೈಲೋಬೈಟ್ ಸಂಧಿಪದಿಗಳ ಗುಂಪಿಗೆ ಸೇರಿದ ಸಮುದ್ರಜೀವಿ. ಏಡಿ, ಚೇಳು, ಜಿರಲೆ ಎಲ್ಲ ಇದೇ ದೊಡ್ಡ ಬಳಗದವು. ಸುಮಾರು 52 ಕೋಟಿ ವರ್ಷಗಳ ಹಿಂದಿನ ಕೇಂಬ್ರಿಯನ್ ಕಲ್ಲುಗಳಲ್ಲಿ ಇವು ಮೊದಲು ಕಾಣಿಸುತ್ತವೆ. ಸುಮಾರು 25 ಕೋಟಿ ವರ್ಷಗಳ ಹಿಂದೆ, ಪರ್ಮಿಯನ್ ಯುಗದ ಕೊನೆಯ ಮಹಾವಿನಾಶದಲ್ಲಿ ಪೂರ್ತಿ ಅಳಿದುಹೋದವು. ಡೈನೋಸಾರ್ ಯುಗ ಕಣ್ಣು ಬಿಡೋ ಮೊದಲೇ ಇವುಗಳ ಕಥೆ ಮುಗಿದಿತ್ತು.

ಹೆಸರಿನಲ್ಲೇ 'ಮೂರು ಹಾಲೆ' ಅನ್ನೋ ಅರ್ಥ ಇದೆ. ಬಹಳ ಜನ ಈ ಮೂರು ಅಂದರೆ ತಲೆ, ಎದೆ, ಬಾಲ ಅಂದುಕೊಳ್ತಾರೆ. ಆ ಮೂರು ಭಾಗ ಇರೋದು ನಿಜ. ಆದರೆ ಹೆಸರಿನಲ್ಲಿರುವ ಮೂರು ಬೇರೆ. ಬೆನ್ನಿನ ಮೇಲೆ ಉದ್ದಕ್ಕೆ ಎರಡು ಗೀರು ಹಾದುಹೋಗಿ ನಡುವೆ ಒಂದು ದಿಂಡು, ಆಚೀಚೆ ಎರಡು ಪಕ್ಕೆ ಉಂಟಾಗುತ್ತವೆ. ಆ ಮೂರನ್ನು ನೋಡಿಯೇ 1771ರಲ್ಲಿ ಜರ್ಮನಿಯ ಯೋಹಾನ್ ವಾಲ್ಖ್ 'ಟ್ರೈಲೋಬೈಟ್' ಅನ್ನೋ ಪದ ಕೊಟ್ಟ.

ನಮ್ಮ ಕರ್ನಾಟಕದಲ್ಲಿ ಸಿಗುತ್ತವಾ? ಹುಡುಕಿ ಪ್ರಯೋಜನ ಇಲ್ಲ. ಧಾರವಾಡ ಶಿಲೆಗಳು 250 ಕೋಟಿ ವರ್ಷಕ್ಕಿಂತ ಹಳೆಯವು. ಮನೆಗಳ ನೆಲಕ್ಕೆ ಹಾಕುವ ಶಹಾಬಾದ್ ಕಲ್ಲು ಸಮುದ್ರದಡಿಯ ಸುಣ್ಣಕಲ್ಲೇ ಹೌದು, ಆದರೆ ಅದು ಟ್ರೈಲೋಬೈಟ್ ಬರೋ ಮೊದಲೇ ಹೆಪ್ಪುಗಟ್ಟಿದ್ದು. ಉತ್ತರ ಕರ್ನಾಟಕದ ಕಪ್ಪು ಬಸಾಲ್ಟ್ ಬರೀ 6.6 ಕೋಟಿ ವರ್ಷದ್ದು, ಅಷ್ಟರಲ್ಲಿ ಟ್ರೈಲೋಬೈಟ್ ಹೋಗಿ ಬಹಳ ಕಾಲವಾಗಿತ್ತು. ನಮ್ಮ ಕಲ್ಲುಗಳು ಒಂದೋ ತೀರಾ ಬೇಗ, ಇಲ್ಲವೋ ತೀರಾ ತಡ!

ಹೆಸರಿಲ್ಲದಿದ್ದ ಕಾಲ

1698ರಲ್ಲಿ ವೇಲ್ಸ್‌ನ ಎಡ್ವರ್ಡ್ ಲ್ಯೂಡ್ ಲ್ಯಾಂಡೈಲೊ ಊರಿನ ಬಳಿ ಸಿಕ್ಕ ಒಂದು ಪಳೆಯುಳಿಕೆಯ ಚಿತ್ರ ಪ್ರಕಟಿಸಿದ. ಅವನ ಪ್ರಕಾರ ಅದು ಯಾವುದೋ ಚಪ್ಪಟೆ ಮೀನಿನ ಅಸ್ಥಿಪಂಜರ. ಇವತ್ತು ನಮಗೆ ಗೊತ್ತು, ಅದು ಒಜೈಜಿಯೊಕರೆಲ್ಲಾ ಎಂಬ ಟ್ರೈಲೋಬೈಟ್. ಇಂಗ್ಲೆಂಡಿನ ಡಡ್ಲಿ ಪಟ್ಟಣದ ಸುಣ್ಣಕಲ್ಲು ಗಣಿಗಳಲ್ಲಿ ಇನ್ನೊಂದು ಬಗೆ ರಾಶಿ ರಾಶಿ ಸಿಗ್ತಾ ಇತ್ತು. ಜನ ಅದನ್ನು 'ಡಡ್ಲಿ ಮಿಡತೆ' ಅಂತ ಕರೆದರು. ಊರಿಗೆ ಅದರ ಮೇಲೆ ಎಷ್ಟು ಅಭಿಮಾನ ಅಂದರೆ ಮುಂದೆ ಪಟ್ಟಣದ ಲಾಂಛನದಲ್ಲೂ ಅದು ಜಾಗ ಪಡೆಯಿತು.

ತೊಂದರೆ ಏನು ಅಂದರೆ, ಡಡ್ಲಿಯವನು ಮಿಡತೆ ಅಂದಿದ್ದನ್ನು ಇನ್ನೊಂದು ಊರಿನವನು ಚಿಟ್ಟೆ ಅನ್ನಬಹುದು, ಮತ್ತೊಬ್ಬ ಮೀನು ಅನ್ನಬಹುದು. ಎರಡು ಊರಿನ ಕಲ್ಲು ಒಂದೇ ವಯಸ್ಸಿನದಾ ಅಂತ ಹೋಲಿಸಬೇಕಾದರೆ ಮೊದಲು ಇಬ್ಬರೂ ಒಂದೇ ಪ್ರಾಣಿಯ ಬಗ್ಗೆ ಮಾತಾಡ್ತಿದ್ದಾರೆ ಅನ್ನೋದು ಖಾತ್ರಿ ಆಗಬೇಕು. 1822ರಲ್ಲಿ ಫ್ರಾನ್ಸಿನ ಅಲೆಕ್ಸಾಂದ್ರ್ ಬ್ರೊಂಗ್ನಿಯಾರ್ ಟ್ರೈಲೋಬೈಟ್‌ಗಳನ್ನು ಕ್ರಮವಾಗಿ ವಿಂಗಡಿಸಿ ಕ್ಯಾಲಿಮೀನ್, ಪ್ಯಾರಡಾಕ್ಸಿಡಿಸ್, ಅಗ್ನೋಸ್ಟಸ್ ಮುಂತಾದ ಹೆಸರುಗಳನ್ನು ಕೊಟ್ಟ. ಡಡ್ಲಿ ಮಿಡತೆ ಅವತ್ತಿನಿಂದ ಕ್ಯಾಲಿಮೀನ್ ಬ್ಲೂಮೆನ್‌ಬಾಖಿ ಆಯಿತು. ಎರಡನೇ ಪದ ಜರ್ಮನಿಯ ವಿಜ್ಞಾನಿ ಬ್ಲೂಮೆನ್‌ಬಾಖ್ ನೆನಪಿಗೆ.

ಹೆಸರಿನ ನಿಯಮಗಳು

ಎರಡು ಪದದ ಹೆಸರಿನಲ್ಲಿ ಮೊದಲನೆಯದು ಕುಲ, ಎರಡನೆಯದು ಪ್ರಭೇದ. ಇಂಗ್ಲಿಷ್ ಲಿಪಿಯಲ್ಲಿ ಕುಲಕ್ಕೆ ದೊಡ್ಡಕ್ಷರ, ಪ್ರಭೇದಕ್ಕೆ ಸಣ್ಣಕ್ಷರ, ಎರಡನ್ನೂ ಓರೆಯಾಗಿ ಬರೀತಾರೆ. ಕನ್ನಡದಲ್ಲಿ ದೊಡ್ಡಕ್ಷರ ಸಣ್ಣಕ್ಷರದ ಗೊಡವೆ ಇಲ್ಲ, ಹಾಗಾಗಿ ಕ್ರಮವನ್ನೇ ನಂಬಬೇಕು.

ಇದನ್ನು ನಮ್ಮ ಯುಎಸ್‌ಎನ್ ಹಾಗೆ ಅಂದುಕೊಳ್ಳಿ. ಒಂದೇ ಕ್ಲಾಸಿನಲ್ಲಿ ಮೂರು ಜನ ಮಂಜುನಾಥ ಇರಬಹುದು, ಮಾರ್ಕ್ಸ್ ಕಾರ್ಡು ಅದಲು ಬದಲಾಗದೆ ಇರೋದು ಯುಎಸ್‌ಎನ್ ಇರೋದರಿಂದ. ಪ್ರಾಣಿಗಳಿಗೆ ಆ ಕೆಲಸ ಮಾಡೋದು ಅಂತರರಾಷ್ಟ್ರೀಯ ಪ್ರಾಣಿನಾಮಕರಣ ಸಂಹಿತೆ. ಈಗ ಜಾರಿಯಲ್ಲಿರೋದು ಅದರ ನಾಲ್ಕನೇ ಆವೃತ್ತಿ, 2000ದಿಂದ. ಬದುಕಿರೋ ಆನೆಗೂ ಅಳಿದುಹೋದ ಟ್ರೈಲೋಬೈಟಿಗೂ ಅದೇ ಕಾನೂನು. ಮುಖ್ಯವಾದ ನಾಲ್ಕು ನಿಯಮ ಹೀಗಿವೆ.

ಒಂದು, ಮೊದಲು ಬಂದ ಹೆಸರೇ ಹೆಸರು. ಒಂದೇ ಪ್ರಾಣಿಗೆ ಇಬ್ಬರು ಬೇರೆ ಬೇರೆ ಹೆಸರಿಟ್ಟಿದ್ದರೆ ಹಳೆಯದಕ್ಕೆ ಆದ್ಯತೆ. ಎಷ್ಟು ಹಳೆಯದು? ಲಿನೇಯಸ್‌ನ 'ಸಿಸ್ಟೆಮಾ ನ್ಯಾಚುರೆ'ಯ ಹತ್ತನೇ ಆವೃತ್ತಿ ಬಂದ 1758ನ್ನು ಸೊನ್ನೆ ಗೆರೆ ಅಂತ ಇಟ್ಟುಕೊಂಡಿದ್ದಾರೆ. ಅದಕ್ಕೂ ಹಿಂದಿನ ಹೆಸರುಗಳು ಲೆಕ್ಕಕ್ಕಿಲ್ಲ.

ಎರಡು, ಎರಡು ಕುಲಗಳಿಗೆ ಒಂದೇ ಹೆಸರು ಇರುವ ಹಾಗಿಲ್ಲ. ಇದಕ್ಕೆ ಉಪಖಂಡದ್ದೇ ಉದಾಹರಣೆ ಇದೆ. ಈಗ ಪಾಕಿಸ್ತಾನದಲ್ಲಿರುವ ಸಾಲ್ಟ್ ರೇಂಜ್ ಬೆಟ್ಟಗಳ ಟ್ರೈಲೋಬೈಟ್ ಒಂದನ್ನು 1899ರಲ್ಲಿ ಕಾರ್ಲ್ ರೆಡ್ಲಿಖ್ ವಿವರಿಸಿ 'ಹೋಫೆರಿಯಾ ನೋಟ್ಲಿಂಗಿ' ಅಂತ ಹೆಸರಿಟ್ಟ. ಆದರೆ 'ಹೋಫೆರಿಯಾ' ಅನ್ನೋದು ಆಗಲೇ ಇನ್ನೊಂದು ಪ್ರಾಣಿಯ ಪಾಲಾಗಿತ್ತು. ಪ್ರೋಗ್ರಾಂ ಬರೆಯೋರಿಗೆ ಗೊತ್ತಿರುವ ಹಾಗೆ, ಒಂದೇ ವೇರಿಯಬಲ್ ಹೆಸರನ್ನು ಎರಡು ಸಲ ಡಿಕ್ಲೇರ್ ಮಾಡಿದ ಎರರ್ ಇದು. 1902ರಲ್ಲಿ ಕಾಸ್‌ಮನ್ ಬಂದು ಕುಲಕ್ಕೆ 'ರೆಡ್ಲಿಖಿಯಾ' ಅಂತ ಹೊಸ ಹೆಸರು ಕೊಟ್ಟ. ಹೆಸರಿಡಲು ಹೋದ ರೆಡ್ಲಿಖ್ ಕೊನೆಗೆ ತಾನೇ ಹೆಸರಾಗಿ ಉಳಿದ! ಮುಂದೆ ಇದೇ ರೆಡ್ಲಿಖಿಯಾ ಕೆಳ ಹಿಮಾಲಯ, ಚೀನಾ, ಆಸ್ಟ್ರೇಲಿಯಾಗಳಲ್ಲೂ ಸಿಕ್ಕಿತು. ಟ್ರೈಲೋಬೈಟ್‌ಗಳ ಅತಿ ಹಳೆಯ ಗಣಕ್ಕೂ ಅದರದೇ ಹೆಸರು: ರೆಡ್ಲಿಖಿಡಾ.

ಮೂರು, ಹೆಸರು ಅಂಟಿಕೊಂಡಿರೋದು ವರ್ಣನೆಗಲ್ಲ, ಒಂದು ನಿರ್ದಿಷ್ಟ ಕಲ್ಲಿಗೆ. ಹೊಸ ಪ್ರಭೇದ ಪ್ರಕಟಿಸುವಾಗ 'ಇದೇ ನನ್ನ ಮಾದರಿ' ಅಂತ ಒಂದು ಕಲ್ಲನ್ನು ತೋರಿಸಿ, ಸಂಗ್ರಹಾಲಯದ ನಂಬರ್ ಕೊಡಬೇಕು. ಅದಕ್ಕೆ ಹೋಲೋಟೈಪ್ ಅಂತಾರೆ. 2019ರ ತನಕ ಕಿಲೋಗ್ರಾಂ ಅಂದರೆ ಪ್ಯಾರಿಸ್ ಹತ್ತಿರ ಇಟ್ಟಿದ್ದ ಒಂದು ಲೋಹದ ತುಂಡು ಆಗಿತ್ತಲ್ಲ, ಅದೇ ತರಹ. ಅನುಮಾನ ಬಂದರೆ ಪುಸ್ತಕ ತೆಗೆದು ವಾದ ಮಾಡೋದಲ್ಲ, ಬೀರು ತೆಗೆದು ಆ ಕಲ್ಲನ್ನೇ ನೋಡೋದು. ಕಿಲೋಗ್ರಾಂ ಈಗ ಭೌತಶಾಸ್ತ್ರದ ಸ್ಥಿರಾಂಕಕ್ಕೆ ಬದಲಾಗಿದೆ. ಟ್ರೈಲೋಬೈಟಿಗೆ ಆ ಭಾಗ್ಯ ಇಲ್ಲ, ಕಲ್ಲೇ ಗತಿ.

ನಾಲ್ಕು, ಕಂಸದ ಗುಟ್ಟು. ಒಂದು ಪ್ರಭೇದವನ್ನು ಒಂದು ಕುಲದಿಂದ ಇನ್ನೊಂದಕ್ಕೆ ಸಾಗಿಸಿದರೆ ಮೊದಲು ಹೆಸರಿಟ್ಟವನನ್ನು ಕಂಸದೊಳಗೆ ಹಾಕ್ತಾರೆ. ಬ್ರಾಂಚ್ ಬದಲಾದರೂ ಹುಡುಗನ ಹೆಸರು ಅದೇ ಇರುವ ಹಾಗೆ, ಕುಲ ಬದಲಾದರೂ ಪ್ರಭೇದದ ಪದ ಹಾಗೇ ಇರುತ್ತೆ. ಬ್ರೊಂಗ್ನಿಯಾರ್ ಇಟ್ಟ ಕ್ಯಾಲಿಮೀನ್ ಬ್ಲೂಮೆನ್‌ಬಾಖಿ ಈಗಲೂ ಅದೇ ಕುಲದಲ್ಲಿದೆ, ಹಾಗಾಗಿ 'ಬ್ರೊಂಗ್ನಿಯಾರ್, 1822' ಅಂತ ಕಂಸವಿಲ್ಲದೆ ಬರೆಯೋದು.

ಈಗ ನಮ್ಮ ಮೊದಲ ಸಾಲಿಗೆ ಬನ್ನಿ. ಭಾರತೀಯ ಭೂವೈಜ್ಞಾನಿಕ ಸರ್ವೇಕ್ಷಣೆಯ ಹೆನ್ರಿ ಹೇಡನ್ ಸ್ಪಿತಿಯಲ್ಲಿ ಆರಿಸಿ ತಂದ ಕಲ್ಲುಗಳನ್ನು ಕೇಂಬ್ರಿಡ್ಜ್‌ನ ಕೂಪರ್ ರೀಡ್ ಅಧ್ಯಯನ ಮಾಡಿದ. 1910ರಲ್ಲಿ ಅವುಗಳಲ್ಲಿ ಒಂದಕ್ಕೆ 'ಜಕಾಂಥಾಯ್ಡಿಸ್ ಇಂಡಿಕಸ್' ಅಂತ ಹೆಸರಿಟ್ಟ. ಇಂಡಿಕಸ್ ಅಂದರೆ ಇಂಡಿಯಾದ್ದು. ನಂತರದವರು ನೋಡಿ, ಇದು ಸೇರಬೇಕಾದ್ದು ಅಮೆರಿಕದ ವಾಲ್ಕಾಟ್ 1886ರಲ್ಲಿ ಸ್ಥಾಪಿಸಿದ್ದ ಒರಿಕ್ಟೊಸೆಫಲಸ್ ಕುಲಕ್ಕೆ ಅಂದರು. ಪ್ರಾಣಿ ಮನೆ ಬದಲಾಯಿಸಿತು, ರೀಡ್ ಕಂಸದೊಳಗೆ ಹೋಗಿ ಕೂತ. ಒಂದು ಜೊತೆ ಕಂಸ ಇಷ್ಟು ಕಥೆ ಹೇಳುತ್ತೆ.

ಇಂಜಿನಿಯರ್ ಬಿಡಿಸಿದ ಗಂಟು

ಟ್ರೈಲೋಬೈಟ್‌ಗೆ ಹೆಸರಿಡೋದು ಕಷ್ಟ ಆಗೋದಕ್ಕೆ ಒಂದು ದೊಡ್ಡ ಕಾರಣ ಪೊರೆ ಬಿಡೋದು. ಹಾವಿನ ಹಾಗೆ ಇದೂ ಬೆಳೆಯುತ್ತ ಚಿಪ್ಪು ಕಳಚುತ್ತಾ ಇತ್ತು. ಅಂದರೆ ಒಂದೇ ಪ್ರಾಣಿ ತನ್ನ ಆಯುಸ್ಸಿನಲ್ಲಿ ಹಲವು ಪಳೆಯುಳಿಕೆ ಬಿಟ್ಟುಹೋಗಬಹುದು, ಅದೂ ಬೇರೆ ಬೇರೆ ಗಾತ್ರ, ಬೇರೆ ಬೇರೆ ಆಕಾರದಲ್ಲಿ, ತಲೆ ಒಂದು ಕಡೆ ಬಾಲ ಒಂದು ಕಡೆಯಾಗಿ.

ಇಲ್ಲಿ ಬರೋದು ನಮ್ಮವನೇ ಆದ ಒಬ್ಬ ಸಿವಿಲ್ ಇಂಜಿನಿಯರ್. ಯೊವಾಕಿಂ ಬರಾಂದ್, ಹುಟ್ಟಿದ್ದು 1799ರಲ್ಲಿ ಫ್ರಾನ್ಸಿನಲ್ಲಿ, ಓದಿದ್ದು ಪ್ಯಾರಿಸ್‌ನ ಎಕೋಲ್ ಪಾಲಿಟೆಕ್ನಿಕ್‌ನಲ್ಲಿ. ಫ್ರೆಂಚ್ ದೊರೆ ಹತ್ತನೇ ಚಾರ್ಲ್ಸ್‌ನ ಮೊಮ್ಮಗನಿಗೆ ಪಾಠ ಹೇಳ್ತಾ ಇದ್ದ. 1830ರ ಕ್ರಾಂತಿಯಲ್ಲಿ ದೊರೆ ಗಡಿಪಾರಾದಾಗ ಮೇಷ್ಟ್ರೂ ಜೊತೆಗೆ ಹೊರಟು ಕೊನೆಗೆ ಪ್ರಾಗ್ ಸೇರಿದ. ಅಲ್ಲಿ ಕುದುರೆ ಎಳೆಯುವ ರೈಲು ಮಾರ್ಗದ ಸರ್ವೇ ಕೆಲಸ ಸಿಕ್ಕಿತು. ಸರ್ವೇ ಮಾಡುವಾಗ ಕಣ್ಣಿಗೆ ಬಿದ್ದದ್ದು ಟ್ರೈಲೋಬೈಟ್‌ಗಳು. ಮಿಕ್ಕ ಬದುಕೆಲ್ಲ ಅದಕ್ಕೇ ಹೋಯಿತು. 1852ರಲ್ಲಿ ಅವನ ಮಹಾಗ್ರಂಥದ ಮೊದಲ ಸಂಪುಟ ಬಂತು. 1883ರಲ್ಲಿ ಸಾಯುವ ಹೊತ್ತಿಗೆ 3,000ಕ್ಕೂ ಹೆಚ್ಚು ಪ್ರಭೇದಗಳನ್ನು ವಿವರಿಸಿದ್ದ. ಪ್ರಾಗ್‌ನ ಬರಾಂದೊವ್ ಬಡಾವಣೆಗೆ ಅವನದೇ ಹೆಸರು.

ಅವನ ದೊಡ್ಡ ಕೆಲಸ ಸಾವೊ ಹಿರ್ಸೂಟಾ ಅನ್ನೋ ಪ್ರಭೇದದ್ದು. ಒಂದು ಮಿಲಿಮೀಟರಿಗಿಂತ ಚಿಕ್ಕ ಮರಿಯಿಂದ ದೊಡ್ಡದರ ತನಕ ಸುಮಾರು 20 ಹಂತಗಳನ್ನು ಸಾಲಾಗಿ ಜೋಡಿಸಿ, ಇವೆಲ್ಲ ಒಂದೇ ಪ್ರಾಣಿಯ ಬೆಳವಣಿಗೆ ಅಂತ ತೋರಿಸಿದ. ಅದೇ ಕಾಲದ ಕೊರ್ಡಾ ಎಂಬ ಇನ್ನೊಬ್ಬ ಇವೇ ಹಂತಗಳನ್ನು ಬೇರೆ ಬೇರೆ ಪ್ರಾಣಿ ಅಂದುಕೊಂಡು ಹಲವು ಕುಲ, ಹಲವು ಪ್ರಭೇದ ಮಾಡಿಟ್ಟಿದ್ದ. ಒಂದೇ ಮಗುವಿನ ಎಲ್‌ಕೆಜಿ ಫೋಟೊ, ಹೈಸ್ಕೂಲ್ ಫೋಟೊ, ಕಾಲೇಜ್ ಐಡಿ ಕಾರ್ಡ್ ಫೋಟೊ ನೋಡಿ ಮೂರು ಜನ ಅಂದ ಹಾಗೆ. ಬರಾಂದನ ಸಾಲು ಬಂದ ಮೇಲೆ ಆ ಹೆಸರುಗಳೆಲ್ಲ ಕರಗಿ ಒಂದಾದವು.

ಸೊಟ್ಟಗಾದ ಕಲ್ಲು ಮತ್ತು ಮ್ಯಾಟ್ರಿಕ್ಸ್

ಹಿಮಾಲಯದಲ್ಲಿ ಇನ್ನೊಂದು ಬಗೆಯ ಕಷ್ಟ. ಎರಡು ಭೂಖಂಡ ಡಿಕ್ಕಿ ಹೊಡೆದಾಗ ನಡುವೆ ಸಿಕ್ಕ ಕಲ್ಲು ಹಿಂಡಿಹೋಗುತ್ತೆ. ಅದರೊಳಗಿನ ಟ್ರೈಲೋಬೈಟ್ ಕೂಡ ಒಂದು ಕಡೆ ಉದ್ದ, ಒಂದು ಕಡೆ ಅಗಲ, ಮತ್ತೊಂದು ಕಡೆ ಓರೆ. ಕಲ್ಲಿನಲ್ಲಿ ಯಾವ ದಿಕ್ಕಿಗೆ ಮಲಗಿತ್ತು ಅನ್ನೋದರ ಮೇಲೆ ಆಕಾರ ಬದಲಾಗುತ್ತೆ. ಹಳಬರು ತೆಳ್ಳಗಿರೋದಕ್ಕೊಂದು, ದಪ್ಪಗಿರೋದಕ್ಕೊಂದು ಹೆಸರು ಕೊಟ್ಟುಬಿಟ್ಟಿದ್ದರು.

1992ರಲ್ಲಿ ನೈಜೆಲ್ ಹ್ಯೂಸ್ ಮತ್ತು ಪೀಟರ್ ಜೆಲ್ ಕಾಶ್ಮೀರದ ಕೇಂಬ್ರಿಯನ್ ಟ್ರೈಲೋಬೈಟ್‌ಗಳ ಮೇಲೆ ಕಂಪ್ಯೂಟರ್ ಗ್ರಾಫಿಕ್ಸ್ ಮತ್ತು ಸಂಖ್ಯಾಶಾಸ್ತ್ರ ಪ್ರಯೋಗಿಸಿದರು. ಇದರ ಹಿಂದಿನ ತರ್ಕ ಮೊದಲ ವರ್ಷದ ಮ್ಯಾಥ್ಸ್. ಬದುಕಿದ್ದಾಗ ಟ್ರೈಲೋಬೈಟಿನ ಎಡ ಬಲ ಎರಡೂ ಸಮ, ಬೆನ್ನಿನ ನಡುಗೆರೆಗೆ ಅಡ್ಡ ಗೆರೆಗಳು 90 ಡಿಗ್ರಿ. ಕಲ್ಲಿನಲ್ಲಿ ಆ ಕೋನ 70 ಆಗಿದ್ದರೆ, ಅಷ್ಟು ಶಿಯರ್ ಆಗಿದೆ ಅಂತ ಅರ್ಥ. ಒಂದೇ ಕಲ್ಲುಹಾಳೆಯ ಮೇಲೆ ಬೇರೆ ಬೇರೆ ದಿಕ್ಕಿಗೆ ಮಲಗಿದ ಹಲವು ಪಳೆಯುಳಿಕೆ ಸಿಕ್ಕರೆ, ವೃತ್ತವನ್ನು ದೀರ್ಘವೃತ್ತ ಮಾಡಿದ 2×2 ಮ್ಯಾಟ್ರಿಕ್ಸನ್ನು ಅಂದಾಜಿಸಬಹುದು. ಅದರ ಇನ್ವರ್ಸ್ ಹಾಕಿದರೆ ಪ್ರಾಣಿ ನೆಟ್ಟಗಾಗುತ್ತೆ. ಹೀಗೆ ನೆಟ್ಟಗೆ ಮಾಡಿ ನೋಡಿದಾಗ ಬೇರೆ ಬೇರೆ ಅಂದುಕೊಂಡಿದ್ದ ಪ್ರಭೇದಗಳ ನಡುವಿನ ವ್ಯತ್ಯಾಸ ಎಷ್ಟೋ ಕಡೆ ಬರೀ ಬೆಟ್ಟದ ಒತ್ತಡದ್ದು. 'ಇನ್ವರ್ಸ್ ಮ್ಯಾಟ್ರಿಕ್ಸ್ ಎಲ್ಲಿ ಉಪಯೋಗಕ್ಕೆ ಬರುತ್ತೆ ಸಾರ್?' ಅಂತ ಕೇಳೋರಿಗೆ ಇದೂ ಒಂದು ಉತ್ತರ.

ಹೆಸರಾಯಿತು, ಗುಂಪು ಯಾವುದು?

ಹೆಸರಿಟ್ಟ 20,000ಕ್ಕೂ ಹೆಚ್ಚು ಪ್ರಭೇದಗಳಿವೆ. ಇವನ್ನು ಕುಲ, ಕುಟುಂಬ, ಗಣ ಅಂತ ಮೇಲೆ ಮೇಲೆ ಜೋಡಿಸಬೇಕು. ಗಣಗಳು ಸುಮಾರು ಹತ್ತು: ರೆಡ್ಲಿಖಿಡಾ, ಫಾಕೊಪಿಡಾ, ಅಸಾಫಿಡಾ, ಲಿಕಿಡಾ, ಪ್ರೊಯೆಟಿಡಾ ಹೀಗೆ. 'ಸುಮಾರು' ಅಂದಿದ್ದಕ್ಕೆ ಕಾರಣ ಇದೆ. ನಾಮಕರಣ ಸಂಹಿತೆಯ ಅಧಿಕಾರ ಕುಟುಂಬ ಮತ್ತು ಅದರ ಸ್ವಲ್ಪ ಮೇಲಿನ ತನಕ ಮಾತ್ರ. ಗಣದ ಮಟ್ಟಕ್ಕೆ ಕಾನೂನು ಇಲ್ಲ, ವಿಜ್ಞಾನಿಗಳು ಒಪ್ಪಿದಷ್ಟೇ.

ಯಾವ ಲಕ್ಷಣ ನೋಡಿ ಗುಂಪು ಮಾಡಬೇಕು ಅನ್ನೋದೇ ಜಗಳ. ತಲೆಯ ಚಿಪ್ಪಿನ ಮೇಲೆ ಹೊಲಿಗೆಯ ಹಾಗೆ ಒಂದು ಗೆರೆ ಇರುತ್ತೆ. ಪೊರೆ ಬಿಡುವಾಗ ಚಿಪ್ಪು ಅಲ್ಲೇ ಬಿರಿಯೋದು. 1897ರಲ್ಲಿ ಅಮೆರಿಕದ ಬೀಚರ್ ಆ ಗೆರೆಯ ದಾರಿ ನೋಡಿ ಎಲ್ಲ ಟ್ರೈಲೋಬೈಟ್‌ಗಳನ್ನು ಮೂರು ಗಣ ಮಾಡಿದ. ಸುಲಭವಾಗಿತ್ತು, ಆದರೆ ನಿಲ್ಲಲಿಲ್ಲ. ಅವನ ಒಂದು ಗಣದಲ್ಲಿ ಕಣ್ಣಿಲ್ಲದವು ಒಟ್ಟಿಗೆ ಸೇರಿದ್ದವು, ಆದರೆ ಅವು ಒಂದೇ ವಂಶದವಲ್ಲ. ಕತ್ತಲ ಆಳಕ್ಕೆ ಅಥವಾ ಕೆಸರಿಗೆ ಹೋದ ಬೇರೆ ಬೇರೆ ವಂಶಗಳು ಬೇರೆ ಬೇರೆ ಸಮಯದಲ್ಲಿ ಕಣ್ಣು ಕಳೆದುಕೊಂಡಿದ್ದವು. ಕನ್ನಡಕ ಹಾಕಿದೋರೆಲ್ಲ ಅಣ್ಣತಮ್ಮಂದಿರು ಅಂದ ಹಾಗಾಯಿತು.

1990ರಲ್ಲಿ ಲಂಡನ್ನಿನ ರಿಚರ್ಡ್ ಫೋರ್ಟಿ ಬೆನ್ನು ಬಿಟ್ಟು ಹೊಟ್ಟೆ ಕಡೆ ನೋಡಿ ಅಂದ. ಬಾಯಿಯ ಬಳಿ ಹೈಪೊಸ್ಟೋಮ್ ಅನ್ನೋ ಒಂದು ಗಟ್ಟಿ ಫಲಕ ಇರುತ್ತೆ. ಅದು ತಲೆಯ ಅಂಚಿಗೆ ಅಂಟಿಕೊಂಡಿದೆಯೋ, ಬಿಡಿಯಾಗಿ ಇದೆಯೋ ಅನ್ನೋದು ಸಂಬಂಧಗಳನ್ನು ಚೆನ್ನಾಗಿ ಹೇಳುತ್ತೆ ಅಂತ ತೋರಿಸಿದ. ಮರಿ ಹಂತದ ಆಕಾರವನ್ನೂ ಸೇರಿಸಿಕೊಂಡರು. ಒಂದೇ ಲಕ್ಷಣ ನಂಬೋ ಬದಲು ಹಲವನ್ನು ಒಟ್ಟಿಗೆ ತೂಗಿ ವಂಶವೃಕ್ಷ ಕಟ್ಟೋದು ಇವತ್ತಿನ ರೀತಿ.

ಆದರೂ ಎಲ್ಲ ಇತ್ಯರ್ಥ ಆಗಿಲ್ಲ. ಬ್ರೊಂಗ್ನಿಯಾರ್ 'ಅಗ್ನೋಸ್ಟಸ್' ಅಂದರೆ 'ಗೊತ್ತಿಲ್ಲದ್ದು' ಅಂತ ಹೆಸರಿಟ್ಟ ಪುಟಾಣಿಗಳಿವೆಯಲ್ಲ, ಅವಕ್ಕೆ ಕಣ್ಣಿಲ್ಲ, ಎದೆಯಲ್ಲಿ ಎರಡೇ ಖಂಡ, ತಲೆ ಯಾವುದು ಬಾಲ ಯಾವುದು ಅಂತ ಹೇಳೋದೂ ಕಷ್ಟ. ಅವು ಟ್ರೈಲೋಬೈಟ್ ಹೌದೋ ಅಲ್ಲವೋ ಅಂತ ಬಹಳ ಕಾಲದ ಚರ್ಚೆ. 2019ರಲ್ಲಿ ಕೆನಡಾದ ಬರ್ಜೆಸ್ ಶೇಲ್‌ನ ಮೃದು ಅಂಗಗಳು ಉಳಿದ ಪಳೆಯುಳಿಕೆಗಳನ್ನು ಆಧರಿಸಿ, ಅವು ಟ್ರೈಲೋಬೈಟ್‌ಗಳ ತೀರಾ ಹತ್ತಿರದ ನೆಂಟರು ಅಂತ ಒಂದು ಅಧ್ಯಯನ ಹೇಳಿತು. ಹೆಸರಿಟ್ಟು ಸುಮಾರು 200 ವರ್ಷ ಆದರೂ ಹೆಸರಿನ ಅರ್ಥ ಇನ್ನೂ ಪೂರ್ತಿ ಸುಳ್ಳಾಗಿಲ್ಲ!

ಹೆಸರಿಡೋ ತಮಾಷೆ

ನಿಯಮಗಳು ಬಿಗಿ, ಆದರೆ ಪದ ಆರಿಸೋದರಲ್ಲಿ ಸ್ವಾತಂತ್ರ್ಯ ಇದೆ. ಲ್ಯಾಟಿನ್ನೇ ಆಗಬೇಕು ಅಂತಿಲ್ಲ. ಬರಾಂದ್ ತಾನು ವಿವರಿಸಿದ ಕೆಲವು ಕಪ್ಪೆಚಿಪ್ಪುಗಳಿಗೆ ಚೆಕ್ ಭಾಷೆಯ ಆಡುಮಾತಿನಿಂದ ಬಾಬಿಂಕಾ, ಮಾಮಿಂಕಾ ಅಂತೆಲ್ಲ ಹೆಸರಿಟ್ಟ. ಮಾಮಿಂಕಾ ಅಂದರೆ ಅಮ್ಮ. 1997ರಲ್ಲಿ ಆಡ್ರೇನ್ ಮತ್ತು ಎಡ್ಜ್‌ಕೂಂಬ್ ಒಂದು ಕುಲದ ಪ್ರಭೇದಗಳಿಗೆ ಸೆಕ್ಸ್ ಪಿಸ್ಟಲ್ಸ್ ಬ್ಯಾಂಡ್ ಸದಸ್ಯರ ಹೆಸರು ಹಂಚಿದರು. 2005ರಲ್ಲಿ ಸ್ಯಾಮುಯೆಲ್ ಟರ್ವಿ ಚೀನಾದ ಒಂದು ಪುಟಾಣಿಗೆ 'ಹ್ಯಾನ್ ಸೋಲೊ' ಅಂದ. ಕಾಗದದ ಮೇಲೆ ಕಾರಣ: ಹಾನ್ ಚೀನೀ ಜನಾಂಗ, ಸೋಲೊ ಅಂದರೆ ತನ್ನ ಕುಟುಂಬದಲ್ಲಿ ಕೊನೆಗೆ ಉಳಿದ ಒಂಟಿ. ಸ್ಟಾರ್ ವಾರ್ಸ್ ನೋಡಿದೋರಿಗೆ ನಿಜವಾದ ಕಾರಣ ಗೊತ್ತು. ಕನ್ನಡದ ಪದವನ್ನೂ ಇಡಬಹುದು, ನಿಯಮದಲ್ಲಿ ಅಡ್ಡಿ ಇಲ್ಲ. ಲ್ಯಾಟಿನ್ ಅಕ್ಷರದಲ್ಲಿ ಬರೆದರೆ ಸಾಕು.

ಹೆಸರು ಬದಲಾದರೆ ಕಾನೂನಿಗೂ ಪೇಚಾಟ. ಅಮೆರಿಕದ ಪೆನ್ಸಿಲ್ವೇನಿಯಾ 1988ರಲ್ಲಿ 'ಫಾಕೊಪ್ಸ್ ರಾನಾ'ವನ್ನು ರಾಜ್ಯ ಪಳೆಯುಳಿಕೆ ಅಂತ ಘೋಷಿಸಿತು. ರಾನಾ ಅಂದರೆ ಲ್ಯಾಟಿನ್ನಿನಲ್ಲಿ ಕಪ್ಪೆ, ಕಣ್ಣು ಹಾಗಿದೆ. ಈಗ ಅದನ್ನು 'ಎಲ್ಡ್ರೆಜಾಪ್ಸ್ ರಾನಾ' ಅಂತಾರೆ. ಈ ಗುಂಪಿನ ಕಣ್ಣುಗಳನ್ನೇ ಅಧ್ಯಯನ ಮಾಡಿ, 1972ರಲ್ಲಿ ಸ್ಟೀಫನ್ ಜೇ ಗೌಲ್ಡ್ ಜೊತೆ ವಿಕಾಸದ ಬಗ್ಗೆ ಹೊಸ ವಾದ ಮಂಡಿಸಿದ ನೈಲ್ಸ್ ಎಲ್ಡ್ರೆಜ್ ಗೌರವಾರ್ಥ. ಕುಲ ಹೋಯಿತು, ಕಪ್ಪೆ ಉಳಿಯಿತು.

ಮತ್ತೆ ಸ್ಪಿತಿ

ಇಷ್ಟೆಲ್ಲ ರಗಳೆ ಯಾಕೆ ಅಂದರೆ, ಕಲ್ಲಿಗೆ ಗಡಿಯಾರ ಇಲ್ಲ. ಎಲ್ಲ ಪದರದಲ್ಲೂ ವಯಸ್ಸು ಅಳೆಯಬಲ್ಲ ಬೂದಿ ಅಥವಾ ಖನಿಜ ಸಿಗೋದಿಲ್ಲ. ಆದರೆ ಬೇಗ ಬೇಗ ಬದಲಾದ, ದೂರ ದೂರ ಹರಡಿದ ಟ್ರೈಲೋಬೈಟ್ ಪ್ರಭೇದ ಸಿಕ್ಕರೆ, ಸಾವಿರಾರು ಕಿಲೋಮೀಟರ್ ಅಂತರದ ಎರಡು ಬೆಟ್ಟದ ಪದರಗಳು ಒಂದೇ ಕಾಲದವು ಅಂತ ಹೇಳಬಹುದು. ಒರಿಕ್ಟೊಸೆಫಲಸ್ ಇಂಡಿಕಸ್ ಹಾಗಿನದು. ಸ್ಪಿತಿಯದ್ದೇ ಪ್ರಾಣಿ ಚೀನಾದಲ್ಲೂ ಅಮೆರಿಕದ ನೆವಾಡಾದಲ್ಲೂ ಸಿಕ್ಕಿತು. 2018ರಲ್ಲಿ ಭೂವಿಜ್ಞಾನಿಗಳ ಅಂತರರಾಷ್ಟ್ರೀಯ ಒಕ್ಕೂಟ ಕೇಂಬ್ರಿಯನ್ ಯುಗದ ಮಿಯಾವೊಲಿಂಗಿಯನ್ ಎಂಬ ಭಾಗ ಶುರುವಾಗೋದು ಎಲ್ಲಿಂದ ಅಂತ ನಿರ್ಧರಿಸಿತು. ಚೀನಾದ ಗುಯಿಝೌ ಪ್ರಾಂತ್ಯದ ಒಂದು ಶಿಲಾಪದರದಲ್ಲಿ ಈ ಪ್ರಭೇದ ಮೊದಲು ಕಾಣಿಸಿಕೊಳ್ಳುವ ಜಾಗವೇ ಆ ಗೆರೆ. ಇಂಥ ಗೆರೆಗೆ 'ಚಿನ್ನದ ಮೊಳೆ' ಅಂತಾರೆ.

ಈಗ ಯೋಚಿಸಿ. ಹಿಂಡಿಹೋದ ಒಂದು ಕಲ್ಲನ್ನು ನೋಡಿ ಇದು ಇಂಡಿಕಸ್ ಹೌದೋ, ಅದರ ಹತ್ತಿರದ ಇನ್ನೊಂದು ಪ್ರಭೇದವೋ ಅಂತ ತೀರ್ಮಾನಿಸುವವರು ಬರೀ ಹೆಸರು ಹೇಳ್ತಿಲ್ಲ, ಆ ಪದರ ಗೆರೆಯ ಮೇಲಿದೆಯೋ ಕೆಳಗಿದೆಯೋ ಅಂತ ಹೇಳ್ತಿದ್ದಾರೆ. ಅದಕ್ಕೇ 2009ರಲ್ಲಿ ಪೆಂಗ್ ಮತ್ತು ಹ್ಯೂಸ್ ಸೇರಿದ ತಂಡ ಸ್ಪಿತಿಯ ಪರಾಹಿಯೊ ಕಣಿವೆ ಮತ್ತು ಝಂಸ್ಕಾರ್‌ನ ಟ್ರೈಲೋಬೈಟ್‌ಗಳನ್ನು ಮತ್ತೆ ಮೊದಲಿನಿಂದ ಪರಿಶೀಲಿಸಿ ಪ್ರಕಟಿಸಿದ್ದು.

ನೀವು ಟ್ರೆಕ್ಕಿಂಗ್‌ಗೆ ಹಿಮಾಲಯಕ್ಕೆ ಹೋಗೋರಾದರೆ ಒಂದು ಮಾತು. ಅಲ್ಲಿ ಪಳೆಯುಳಿಕೆ ಕಂಡರೆ ಕಿತ್ತು ಬ್ಯಾಗಿಗೆ ಹಾಕಬೇಡಿ. ಪಕ್ಕದಲ್ಲಿ ಸ್ಕೇಲೋ ಪೆನ್ನೋ ಇಟ್ಟು ಫೋಟೊ ತೆಗೆಯಿರಿ, ಜಿಪಿಎಸ್ ಗುರುತು ಹಾಕಿ, ಹತ್ತಿರದ ಭೂವಿಜ್ಞಾನ ವಿಭಾಗಕ್ಕೆ ತಿಳಿಸಿ. ಯಾವ ಜಾಗ, ಯಾವ ಪದರ ಅಂತ ಗೊತ್ತಿಲ್ಲದ ಟ್ರೈಲೋಬೈಟ್ ಶೋಕೇಸಿಗೆ ಚೆಂದ, ವಿಜ್ಞಾನಕ್ಕೆ ಅರ್ಧ ಸತ್ತ ಹಾಗೆ. ಹೇಡನ್ ಎಲ್ಲಿಂದ ತಂದ ಅನ್ನೋದನ್ನು ಸರಿಯಾಗಿ ಬರೆದಿಟ್ಟಿದ್ದರಿಂದಲೇ ನೂರು ವರ್ಷದ ನಂತರವೂ ಅದೇ ಕಣಿವೆಗೆ ಹೋಗಿ ಹುಡುಕೋದು ಸಾಧ್ಯವಾಯಿತು.